ಬಿಸಿಲುಕೋಲು ಹಿಡಿದ ಮೂರ್ತಿ

ಬಸವಕಲ್ಯಾಣದ ನಮ್ಮ ಮಾಳಿಗೆ ಮನೆಯ ಅಡುಗೆಕೋಣೆಗೆ ಕಿಟಕಿ ಇರಲಿಲ್ಲ, ಮೇಲ್ಮುದ್ದಿಯಲ್ಲಿ ಒಂದು ಬೆಳಕಿಂಡಿ ಇತ್ತು. ಆಯಿ ಒಲೆ ಹೊತ್ತಿಸಿ ಹೊಗೆ ಎದ್ದಕೂಡಲೇ, ಅಲ್ಲಿತನಕ ಕಾಣದಿದ್ದ ಬಿಸಿಲುಕೋಲು ನೆಲಕ್ಕಿಳಿದು ನಿಲ್ಲುತ್ತಿತ್ತು.

ಅದೇ ಕೋಲನ್ನು ಮತ್ತೆ ಕಂಡಿದ್ದು 'ಕಾಗಜ್ ಕೇ ಫೂಲ್' ಸಿನಿಮಾದಲ್ಲಿ. ಖಾಲಿ ಸ್ಟುಡಿಯೋ. ಗುರುದತ್ ಒಂದು ಕಡೆ, ವಹೀದಾ ರೆಹಮಾನ್ ಇನ್ನೊಂದು ಕಡೆ. ಗೀತಾ ದತ್ ಹಾಡುತ್ತಿದ್ದಾರೆ. ನಡುವೆ ಮೇಲಿನಿಂದ ಸುರಿಯುವ ಬೆಳಕು. ನಿಂತವರು ನಿಂತಲ್ಲೇ ಇರುತ್ತಾರೆ, ಅವರ ಜೀವಗಳಷ್ಟೇ ನಡೆದು ಬಂದು ಆ ಬೆಳಕಿನಲ್ಲಿ ಕೂಡುತ್ತವೆ.

ಅದನ್ನು ಹಿಡಿದವರು ಮೈಸೂರಿನ ವಿ.ಕೆ. ಮೂರ್ತಿ. ಸ್ಟುಡಿಯೋ ದೀಪದ ಬೆಳಕು ದೂರ ಹೋದಷ್ಟೂ ಹರಡುತ್ತದೆ, ಕೋಲಿನಂತೆ ನೆಟ್ಟಗೆ ಬರುವುದು ಸೂರ್ಯನದ್ದೇ. ಹಾಗಾಗಿ ಹೊರಗೆ ದೊಡ್ಡ ಕನ್ನಡಿ ನಿಲ್ಲಿಸಿದರು. ಅದು ಬಿಸಿಲನ್ನು ಒಳಗಿನ ಇನ್ನೊಂದು ಕನ್ನಡಿಗೆ ಎಸೆಯಿತು, ಅಲ್ಲಿಂದ ಕೆಳಕ್ಕೆ. ಎರಡೇ ಕನ್ನಡಿ! 1959ರ ಆ ಚಿತ್ರ ಭಾರತದ ಮೊದಲ ಸಿನಿಮಾಸ್ಕೋಪ್. ಆಗ ಜನ ನೋಡಲಿಲ್ಲ, ಆದರೂ ಮೂರ್ತಿಯವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು.

1923ರಲ್ಲಿ ಹುಟ್ಟಿದ ಅವರು ಛಾಯಾಗ್ರಹಣ ಕಲಿತದ್ದು ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. ಪಿಟೀಲೂ ನುಡಿಸುತ್ತಿದ್ದರು. 'ಬಾಜಿ'ಯಲ್ಲಿ ಸಹಾಯಕರಾಗಿದ್ದಾಗ ಹಿಡಿದು ತೋರಿಸಿದ ಒಂದು ಕಷ್ಟದ ಶಾಟ್ ನಿರ್ದೇಶಕ ಗುರುದತ್ತರ ಮನಸ್ಸು ಗೆದ್ದಿತು. ಮುಂದೆ 'ಜಾಲ್', 'ಪ್ಯಾಸಾ', 'ಸಾಹಿಬ್ ಬೀಬಿ ಔರ್ ಗುಲಾಮ್'. ಈ ಕೊನೆಯದರ ಮುಜ್ರಾ ಹಾಡೊಂದರಲ್ಲಿ ಹಿಂದೆ ಕುಣಿಯುವವರ ಮುಖಕ್ಕೆ ಬೆಳಕೇ ಇಲ್ಲ, ಮುಂದಿನ ನರ್ತಕಿಗೆ ಮಾತ್ರ. ಎಲ್ಲಿ ಬೆಳಕು ಬೇಡ ಎಂಬುದನ್ನು ಇಷ್ಟು ಧೈರ್ಯದಿಂದ ತೀರ್ಮಾನಿಸಿದವರನ್ನು ನಾನು ಬೇರೆ ಕಂಡಿಲ್ಲ. ಕನ್ನಡಕ್ಕೆ ಅವರು ದಕ್ಕಿದ್ದು ತೀರ ತಡವಾಗಿ, 1993ರ 'ಹೂವು ಹಣ್ಣು' ಚಿತ್ರದಲ್ಲಿ.

ನಿಜಾಮರ ಆಳ್ವಿಕೆ ಕಂಡ ನಮ್ಮ ಬೀದರ ಸೀಮೆಗೆ ಉರ್ದು ಹೊರಗಿನದಲ್ಲ. ಹುಮನಾಬಾದಿನ ನಮ್ಮ ಸೋದರಮಾವನಿಗೆ ಗುರುದತ್ ಸಿನಿಮಾದ ಉರ್ದು ಹಾಡುಗಳೆಲ್ಲ ಬಾಯಿಪಾಠ. "ಮಾಮಾ, ಕ್ಯಾಮೆರಾ ಹಿಡಿದವರು ಕನ್ನಡದವರು" ಎಂದೆ. "ಹೌದೇನು? ಇಷ್ಟು ವರ್ಷ ಯಾರೂ ಹೇಳಲಿಲ್ಲಲ್ಲೋ" ಎಂದು ಸುಮ್ಮನೆ ಕೂತರು.

2008ನೇ ಸಾಲಿನ ಫಾಲ್ಕೆ ಪ್ರಶಸ್ತಿ ಮೂರ್ತಿಯವರಿಗೆ ಸಂದಿತು. ಛಾಯಾಗ್ರಾಹಕರೊಬ್ಬರಿಗೆ ಅದು ಸಿಕ್ಕಿದ್ದು ಅದೇ ಮೊದಲು. 2014ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ಮಾಳಿಗೆ ಕೆಡವಿ ಆರ್‌ಸಿಸಿ ಹಾಕಿಸಿದ್ದೇವೆ. ಅಡುಗೆಕೋಣೆಯಲ್ಲಿ ಈಗ ಟ್ಯೂಬ್‌ಲೈಟ್. ಆಯಿಯ ಬಿಸಿಲುಕೋಲು ನೋಡಬೇಕೆನಿಸಿದ ದಿನ ಗೀತಾ ದತ್ತರ ಆ ಹಾಡು ಹಚ್ಚಿ ಕೂಡುತ್ತೇನೆ.