ಫ್ಲಾರೆನ್ಸ್ ನಗರದ ನಡಿಗೆ: ಮೂಲ ಮತ್ತು ಪ್ರತಿಕೃತಿ

ಮಾರ್ಗದರ್ಶಕನೊಡನೆ ಫ್ಲಾರೆನ್ಸಿನ ಬೀದಿಗಳಲ್ಲಿ ನಡೆಯುವ ವಿದ್ಯಾರ್ಥಿಯು ಮೊದಲು ಕೇಳಬೇಕಾದ ಪ್ರಶ್ನೆ, ತಾನು ಕಾಣುತ್ತಿರುವುದು ಮೂಲಕೃತಿಯೋ ಪ್ರತಿಕೃತಿಯೋ ಎಂಬುದು. ಜ್ಞಾನಸ್ನಾನಮಂದಿರದ ಪೂರ್ವದ್ವಾರದಲ್ಲಿ ಘಿಬೆರ್ತಿಯ ಹೊಂಬಣ್ಣದ ಕದಗಳೆಂದು ಜನ ಮೆಚ್ಚುವುದು ನಕಲನ್ನು. 1966ರ ಆರ್ನೋ ಪ್ರವಾಹದಲ್ಲಿ ಮೂಲದ ಹತ್ತು ಫಲಕಗಳಲ್ಲಿ ಐದು ಕಳಚಿಬಿದ್ದುವು. ದೀರ್ಘಕಾಲದ ಸಂಸ್ಕರಣದ ಬಳಿಕ ಮೂಲದ್ವಾರವು ಈಗ ಪ್ರಧಾನ ದೇವಾಲಯದ ವಸ್ತುಸಂಗ್ರಹಾಲಯದಲ್ಲಿದೆ. ಸಿನ್ಯೋರಿಯಾ ಚೌಕದ ದಾವೀದನೂ ಪ್ರತಿಕೃತಿಯೇ. ಮೈಕೆಲೇಂಜೆಲೋ ಕಡೆದ ವಿಗ್ರಹವನ್ನು 1873ರಲ್ಲಿ ಅಕಾಡೆಮಿಯಾಕ್ಕೆ ಸಾಗಿಸಲಾಯಿತು. ರಕ್ಷಣೆಯ ದೃಷ್ಟಿಯಿಂದ ಇದು ಯುಕ್ತವೇ. ಆದರೆ 1504ರಲ್ಲಿ ಅವನು ನಿಂತದ್ದು ಮೆದಿಚಿಗಳನ್ನು ಹೊರಗಟ್ಟಿದ್ದ ಗಣರಾಜ್ಯದ ಆಡಳಿತಭವನದ ಬಾಗಿಲಲ್ಲಿ. ಆ ರಾಜಕೀಯಾರ್ಥವು ಸಂಗ್ರಹಾಲಯದಲ್ಲಿ ಹೊಳೆಯದು, ಚೌಕದಲ್ಲಿ ನಕಲಿನ ಮುಂದೆಯೇ ಹೊಳೆಯುತ್ತದೆ. ಬ್ರುನೆಲೆಸ್ಕಿಯ ಗುಮ್ಮಟವನ್ನಂತೂ (1420–36) ಯಾರೂ ಒಳಗೆ ಸಾಗಿಸಲಾರರು! ನಡಿಗೆಯನ್ನು ಅಲ್ಲಿಂದಲೇ ಆರಂಭಿಸುವುದು ಲೇಸು.