ನಿಮಗಿದು ಗೊತ್ತೆ? ಒಲೆಗೆ ಕಿಡಿ ಬೇಕಿಲ್ಲದ ಬಾಣಸಿಗ

ಕುಂಬಳೆ ಯಕ್ಷಗಾನ ಕವಿ ಪಾರ್ತಿಸುಬ್ಬನ ಊರು. ಈ ಸೀಮೆಯ ತೆಂಕುತಿಟ್ಟಿನ ರಂಗಸ್ಥಳಕ್ಕೆ ಬರುವ 'ನಳ ದಮಯಂತಿ' ಪ್ರಸಂಗದಲ್ಲಿ ಒಂದು ಅದ್ಭುತ ಅಡುಗೆಮನೆಯಿದೆ.

ಅಲ್ಲಿನ ಬಾಣಸಿಗ ಬಾಹುಕ. ರಾಜ್ಯ ಕಳೆದುಕೊಂಡು, ಕಾರ್ಕೋಟಕ ಸರ್ಪ ಕಚ್ಚಿ ರೂಪಗೆಟ್ಟ ನಳನೇ ಆತ. ಮಹಾಭಾರತದ ವನಪರ್ವದ ಪ್ರಕಾರ, ಅವನು ನೋಡಿದರೆ ಸಾಕು, ಬರಿದಾದ ಪಾತ್ರೆಯಲ್ಲಿ ನೀರು ತುಂಬುತ್ತದೆ. ಹಿಡಿ ಹುಲ್ಲನ್ನು ಬಿಸಿಲಿಗೆ ಹಿಡಿದರೆ ಬೆಂಕಿ ಹೊತ್ತಿಕೊಳ್ಳುತ್ತದೆ. ದಾಸಿ ಕೇಶಿನಿ ಇದನ್ನೆಲ್ಲ ಕಂಡು ಬಂದು ಹೇಳಿದರೂ ದಮಯಂತಿಗೆ ಅನುಮಾನ ತೀರದು. ಅವನು ಬೇಯಿಸಿದ ಬಿಸಿ ಮಾಂಸದ ತುಣುಕನ್ನು ತರಿಸಿ ಬಾಯಿಗಿಟ್ಟಾಗ ಅವಳಿಗೆ ಗಂಡನ ಕೈರುಚಿ ತಿಳಿಯುತ್ತದೆ. ಗುರುತು ಹಿಡಿಯಲು ಮುದ್ರೆಯುಂಗುರವಲ್ಲ, ನಾಲಿಗೆ ನೆರವಾದ ಅಪರೂಪದ ಕಥೆಯಿದು.

ಕನ್ನಡದಲ್ಲಿ ಕನಕದಾಸರು ಇದನ್ನು 'ನಳಚರಿತ್ರೆ'ಯಾಗಿ ಹಾಡಿದರು.

ನಳನ ಹೆಸರಿನಲ್ಲಿ 'ಪಾಕದರ್ಪಣ' ಎಂಬ ಸಂಸ್ಕೃತ ಅಡುಗೆ ಗ್ರಂಥವೂ ಇದೆ. ಕನ್ನಡಿಗರು ಕಲ್ಪನೆಯಲ್ಲೇ ಉಳಿಯಲಿಲ್ಲ: ಸುಮಾರು 1508ರಲ್ಲಿ ಮೂರನೆಯ ಮಂಗರಸ 'ಸೂಪಶಾಸ್ತ್ರ'ದಲ್ಲಿ ನಿಜವಾದ ಅಡುಗೆಗಳನ್ನೇ ಪದ್ಯದಲ್ಲಿ ಬರೆದಿಟ್ಟ.

ಮುಂದಿನ ಸಲ 'ನಳ ದಮಯಂತಿ' ಆಟಕ್ಕೆ ಹೋದರೆ ಬಾಹುಕನ ವೇಷ ಬರುವವರೆಗೆ ಎದ್ದು ಹೋಗಬೇಡಿ.