ನಿಮಗಿದು ಗೊತ್ತೆ? ಅಂಕಿಗಳ ಹಿಂದೆ ಅಡಗಿರುವ ಒಂಬತ್ತು

* ಮುಂಬಯಿಯ ಜೋಗೇಶ್ವರಿ ಪೂರ್ವದ ಪಿನ್‌ಕೋಡ್ 400060. ಅದರಿಂದ ಅಂಕಿಗಳ ಮೊತ್ತವಾದ 10 ಕಳೆದರೆ 400050. ಪಶ್ಚಿಮದ 400102ರಿಂದ 7 ಕಳೆದರೆ 400095. ಎರಡೂ 9ರಿಂದ ಶೇಷವಿಲ್ಲದೆ ಭಾಗವಾಗುತ್ತವೆ. ಯಾವ ಪೂರ್ಣಸಂಖ್ಯೆಗೂ ಇದೇ ನಿಯಮ.

* ಎರಡಂಕಿಯ ಸಂಖ್ಯೆಯೊಂದರ ಅಂಕಿಗಳ ಮೊತ್ತ 9. ಅಂಕಿಗಳನ್ನು ಅದಲುಬದಲು ಮಾಡಿದರೆ ಸಂಖ್ಯೆ 27 ಹೆಚ್ಚುತ್ತದೆ. ಹಾಗಾದರೆ ಆ ಸಂಖ್ಯೆ ಯಾವುದು? ಅದಲುಬದಲಿನಿಂದ ಬರುವ ವ್ಯತ್ಯಾಸ ಯಾವಾಗಲೂ ಅಂಕಿಗಳ ಅಂತರದ 9 ಪಟ್ಟು. ಆದ್ದರಿಂದ ಇಲ್ಲಿ ಅಂತರ 3, ಅಂಕಿಗಳು 3 ಮತ್ತು 6, ಉತ್ತರ 36.

* ಜೋಗೇಶ್ವರಿಯಂತೆಯೇ ಪಶ್ಚಿಮ ರೈಲ್ವೆ ಮಾರ್ಗದಲ್ಲಿರುವ ಡಹಾಣೂವಿನಲ್ಲಿ 1905ರಲ್ಲಿ ಹುಟ್ಟಿದ ಶಾಲಾಶಿಕ್ಷಕ ಡಿ.ಆರ್. ಕಾಪ್ರೇಕರ್, ಅಂಕಿಗಳ ಗುಣಗಳನ್ನು ಜೀವನವಿಡೀ ಅಭ್ಯಸಿಸಿದರು. ಅವರು ಗುರುತಿಸಿದ 6174 ಎಂಬ ಸಂಖ್ಯೆ ಇಂದು ಜಗತ್ತಿನಾದ್ಯಂತ ‘ಕಾಪ್ರೇಕರ್ ಸ್ಥಿರಾಂಕ’ ಎಂದೇ ಪ್ರಸಿದ್ಧ.

ನಿಮ್ಮ ಊರಿನ ಪಿನ್‌ಕೋಡನ್ನೂ ಮಕ್ಕಳೊಂದಿಗೆ ಪರೀಕ್ಷಿಸಿ ನೋಡಿ.